ಯಾರನ್ನ ಕೇಳಿ ತಗದ್ರು?

ಈ ವಾರ ಪೂರ್ತಿ ದೊಡ್ಡವ್ವ ಕೇಳಿದ ಒಂದೇ ಪ್ರಶ್ನೆ ತಲೇಲಿ ಓಡ್ತಾ ಇದೆ. ದೀಪಾ ಧನರಾಜ್ ಅವರ ‘ತಂಬಾಕು ಚಾಕಿಲಾ ಓಬ್ ಆಲಿ’ ಡಾಕ್ಯುಮೆಂಟರಿ ರಿಸ್ಟೋರ್ ಆಗಿ ಆನ್‌ಲೈನಲ್ಲಿ ಸಿಗುತ್ತೆ, 1982ರದ್ದು, ನಿಪ್ಪಾಣಿ ತಂಬಾಕು ಕಾರ್ಖಾನೆಗಳ ಹೆಣ್ಣಾಳುಗಳು ಸಂಘ ಕಟ್ಟಿದ ಕಥೆ. ದೊಡ್ಡವ್ವ ಮದುವೆಗೆ ಮುಂಚೆ ಅಂಥದ್ದೇ ಒಂದು ವಖಾರಿಲಿ, ಅಂದ್ರೆ ತಂಬಾಕು ಗೋದಾಮಲ್ಲಿ, ಕೆಲಸ ಮಾಡ್ದೋಳು, ಅದಕ್ಕೇ ಅವಳಿಗೆ ತೋರಿಸಿದೆ. ತೆರೆ ಮೇಲೆ ಧೂಳು ಎದ್ದ ಕೂಡ್ಲೇ ಅವಳ ಸೆರಗು ತಾನಾಗೇ ಮೂಗಿಗೆ ಹೋಯ್ತು. ಆಮೇಲೆ ಕೇಳಿದ್ಲು,

“ಇದನ್ನೆಲ್ಲಾ ಯಾರನ್ನ ಕೇಳಿ ತಗದ್ರವ್ವಾ? ಮಾಲಕರನ್ನೋ, ಹೆಣ್ಮಕ್ಕಳನ್ನೋ?”

“ಹೆಣ್ಮಕ್ಕಳನ್ನೇ ದೊಡ್ಡವ್ವಾ.”

“ಅದಕ್ಕs ಹಿಂಗ ಹೆದರದ ಮಾತಾಡ್ಯಾರ ನೋಡು.”

ಪಕ್ಕದಲ್ಲಿದ್ದ ಅವಳ ಮಗ, ನಮ್ಮಣ್ಣ, ಇದಕ್ಕೆ ಎಷ್ಟು ವ್ಯೂಸ್ ಬಂದಿದೆ, ಇಂಥದ್ದು ತೆಗೆದು ಹೊಟ್ಟೆ ತುಂಬುತ್ತಾ ಅಂದ. ಒಳ್ಳೆಯವನೇ, ಆದ್ರೆ ತನ್ನ ತಾಯಿ ಮುಖ ಒಂದ್ಸಲ ನೋಡಿದ್ರೆ ಆ ಮಾತು ಬರ್ತಿರಲಿಲ್ಲ ಅನ್ಸುತ್ತೆ. ನಂಗೆ ಬೇಜಾರಾಯ್ತು.

ದೀಪಾ ಬೆಂಗಳೂರಿನವರು. 1980ರಲ್ಲಿ ಗೆಳೆಯರ ಜೊತೆ ಯುಗಾಂತರ್ ಅನ್ನೋ ತಂಡ ಕಟ್ಟಿದ್ರು, ಕ್ಯಾಮೆರಾ ನವರೋಜ್ ಕಾಂಟ್ರಾಕ್ಟರ್ ಅವರದ್ದು. ಮೊದಲು ಪುಣೆ ಮನೆಗೆಲಸದ ಹೆಂಗಸರ ಬಗ್ಗೆ ‘ಮೋಲ್ಕರೀನ್’ ಮಾಡಿದ್ರು, ಆಮೇಲೆ ನಿಪ್ಪಾಣಿಗೆ ಬಂದ್ರು. ಹೆಂಗಸರ ಜೊತೆ ಕೂತು ಮಾತಾಡಿ, ಅವರು ಹೇಳಿದ್ದರಿಂದ್ಲೇ ಸಿನಿಮಾ ಕಟ್ಟಿ, ಮುಗಿದ ಮೇಲೆ ಸಂಘಗಳಲ್ಲಿ, ಮಹಿಳಾ ಗುಂಪುಗಳಲ್ಲಿ ತೋರಿಸೋದು, ಇದು ಅವರ ದಾರಿ. ಆವಾಗ 16 ಎಂಎಂ ಫಿಲ್ಮು, ಪ್ರೊಜೆಕ್ಟರ್ ಹೊತ್ಕೊಂಡೇ ಹೋಗಬೇಕು.

ದೊಡ್ಡವ್ವನ ಪ್ರಶ್ನೆ ಇಟ್ಕೊಂಡು ಅವರ ಬೇರೆ ಚಿತ್ರಗಳನ್ನೂ ನೋಡ್ದೆ. 1991ರ ‘ಸಮ್‌ಥಿಂಗ್ ಲೈಕ್ ಎ ವಾರ್’ ಕುಟುಂಬ ಯೋಜನೆ ಬಗ್ಗೆ. ಅದರಲ್ಲಿ ಒಬ್ಬ ಡಾಕ್ಟರು ಒಬ್ಬರಾದ ಮೇಲೆ ಒಬ್ಬರಿಗೆ ಸಂತಾನಹರಣ ಆಪರೇಷನ್ ಮಾಡ್ತಾ ತನ್ನ ಸ್ಪೀಡ್ ಬಗ್ಗೆ ಹೆಮ್ಮೆ ಪಡ್ತಾನೆ, ಅಲ್ಲಿ ಮಲಗಿರೋ ಹೆಂಗಸನ್ನ ಯಾರೂ ಏನೂ ಕೇಳಲ್ಲ. ಅದೇ ಚಿತ್ರದಲ್ಲಿ ಇನ್ನೊಂದು ಕಡೆ ಹೆಂಗಸರು ಸುತ್ತ ಕೂತು ತಮ್ಮ ದೇಹದ ಚಿತ್ರ ಬರೀತಾ ಮುಟ್ಟು, ಹೆರಿಗೆ, ಆಸೆ ಎಲ್ಲಾ ಮಾತಾಡ್ತಾರೆ, ನಗ್ತಾರೆ. ಸರ್ಕಾರ ಕೇಳದೇ ಇದ್ದದ್ದನ್ನ ಇಲ್ಲಿ ಯಾರೋ ಕೂತು ಕೇಳಿದ್ದಾರೆ. ನಂಗೆ ಗಂಟಲು ಕಟ್ಟಿತು.

2011ರಲ್ಲಿ ತಮಿಳುನಾಡಿನ ಮುಸ್ಲಿಂ ಹೆಂಗಸರೇ ನಡೆಸೋ ಜಮಾತ್ (ನ್ಯಾಯ ಪಂಚಾಯ್ತಿ) ಬಗ್ಗೆ, 2018ರಲ್ಲಿ ಹೈದರಾಬಾದ್ ವಿಶ್ವವಿದ್ಯಾಲಯದ ರೋಹಿತ್ ವೇಮುಲ ಸಾವಿನ ನಂತರದ ವಿದ್ಯಾರ್ಥಿ ಹೋರಾಟದ ಬಗ್ಗೆ ಚಿತ್ರ, ಹೀಗೆ ಮೂವತ್ತೈದು ವರ್ಷ ಆದ್ಮೇಲೂ ಅದೇ ಕೆಲಸ. ಥಿಯೇಟರ್ ಇಲ್ಲ, ಪೋಸ್ಟರ್ ಇಲ್ಲ. ಇದನ್ನ ಕರಿಯರ್ ಅಂತ ಕರೆಯೋಕೆ ನಮ್ಮಣ್ಣನಂಥೋರು ಒಪ್ಪಲ್ಲ, ನಾನು ಒಪ್ತೀನಿ.

ಯಾಕಂದ್ರೆ ಈಗ ಎಲ್ಲರ ಕೈಲೂ ಕ್ಯಾಮೆರಾ ಇದೆ. ಪೌರಕಾರ್ಮಿಕರಿಗೆ ಒಂದು ಬಾಟಲಿ ನೀರು ಕೊಟ್ಟು ಮುಖಕ್ಕೆ ಫೋನ್ ಹಿಡೀತಾರೆ, ಆಸ್ಪತ್ರೆ ಬಾಗಿಲಲ್ಲಿ ಅಳ್ತಿರೋರನ್ನ ಬಿಡಲ್ಲ, ಕೇಳೋ ಮಾತೇ ಇಲ್ಲ. ತೋರಿಸಿದ್ರೆ ಸಾಕು, ಅದೇ ಸಮಾಜಸೇವೆ ಅಂದ್ಕೊಂಡಿದ್ದಾರೆ, ನಂಗದು ಸುಲಿಗೆ ಥರಾನೇ ಕಾಣುತ್ತೆ.

ನಿಪ್ಪಾಣಿ, ಚಿಕ್ಕೋಡಿ ಕಾಲೇಜುಗಳಲ್ಲಿ ಈ ಚಿತ್ರ ತೋರಿಸಬೇಕು, ಮುಂದಿನ ಸಾಲಲ್ಲಿ ಆ ವಖಾರಿಗಳಲ್ಲಿ ದುಡಿದ ಹೆಂಗಸರನ್ನೇ ಕೂರಿಸಬೇಕು. ಯಾರಾದ್ರೂ ಲೆಕ್ಚರರ್ ಇದನ್ನ ಓದ್ತಿದ್ರೆ ಹೇಳಿ, ದೊಡ್ಡವ್ವನ್ನ ಕೇಳಿದೀನಿ, ಬರ್ತಾಳಂತೆ.