ಒಂಬತ್ತನೆಯ ಪ್ರಶ್ನೆಗೆ ಉತ್ತರ ಬಂದಿತ್ತು, ನಾನು ಓದಿರಲಿಲ್ಲ

ಕಳೆದ ವಾರ ನಮ್ಮಲ್ಲಿ ಹೊಸದಾಗಿ ಸೇರಿದ ಆಪ್ತಸಮಾಲೋಚಕರೊಬ್ಬರು ಖಿನ್ನತೆಯನ್ನು ಅಳೆಯುವ ಒಂಬತ್ತು ಪ್ರಶ್ನೆಗಳ ಫಾರ್ಮ್ ಆದ ಪಿಎಚ್‌ಕ್ಯೂ-9ರ ಒಟ್ಟು ಅಂಕವನ್ನಷ್ಟೇ ಸೆಷನ್ ನೋಟಿನಲ್ಲಿ ನಮೂದಿಸಿ ಕಡತ ಮುಚ್ಚುತ್ತಿದ್ದುದನ್ನು ಕಂಡೆ. ‘ಬಿಡಿ ಉತ್ತರಗಳನ್ನು ನೋಡಿದಿರಾ?’ ಎಂದು ಕೇಳಿದ ನನ್ನ ದನಿ ಅಗತ್ಯಕ್ಕಿಂತ ಗಡುಸಾಗಿತ್ತೆಂಬುದು ಅವರ ಮುಖ ಸಪ್ಪಗಾದ ಮೇಲೆ ನನಗೆ ಹೊಳೆಯಿತು. ಆ ಗಡಸುತನಕ್ಕೆ ಕಾರಣವಾದ ಒಂದು ಸಂಜೆಯ ಕುರಿತು ಇಲ್ಲಿ ಬರೆಯುತ್ತಿದ್ದೇನೆ. ಕ್ಲೈಂಟ್ ಯಾರೆಂದು ಗುರುತು ಹತ್ತದಂತೆ ಕೆಲವು ವಿವರಗಳನ್ನು ಬದಲಿಸಿದ್ದೇನೆ. ನನ್ನ ತಪ್ಪಿನ ವಿವರಗಳನ್ನು ಬದಲಿಸಿಲ್ಲ.

ಆ ವರ್ಷ ನಮ್ಮ ಕೇಸ್‌ಲೋಡ್, ಅಂದರೆ ಒಬ್ಬೊಬ್ಬರು ನೋಡಬೇಕಾದ ಕ್ಲೈಂಟ್‌ಗಳ ಸಂಖ್ಯೆ, ದಿನಕ್ಕೆ ಆರರಿಂದ ಎಂಟಕ್ಕೆ ಏರಿತ್ತು. ಸೆಷನ್ ಐವತ್ತು ನಿಮಿಷದಿಂದ ನಲವತ್ತೈದಕ್ಕೆ ಇಳಿದಿತ್ತು, ಮತ್ತು ಎರಡು ಸೆಷನ್‌ಗಳ ನಡುವೆ ನೋಟು ಬರೆಯಲೆಂದು ಇದ್ದ ಕಾಲಾವಕಾಶವನ್ನು ಆಡಳಿತದವರು ‘ಬಳಕೆಯಾಗದ ಸಮಯ’ ಎಂಬ ಹೆಸರಿಟ್ಟು ತೆಗೆದುಹಾಕಿದ್ದರು. ಕಾಯುವವರ ಪಟ್ಟಿ ಉದ್ದವಿತ್ತೆಂಬುದು ನಿಜ, ಅದನ್ನು ನಾನು ಅಲ್ಲಗಳೆಯುವುದಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ 2020ರ ಮಾನಸಿಕ ಆರೋಗ್ಯ ಅಟ್ಲಾಸ್ ಪ್ರಕಾರ ಜಗತ್ತಿನಲ್ಲಿ ಪ್ರತಿ 1,00,000 ಜನರಿಗೆ ಈ ಕ್ಷೇತ್ರದ ಕೆಲಸಗಾರರ ಮಧ್ಯಾಂಕ 13. ಅದರಲ್ಲಿ ಮನೋವೈದ್ಯರು, ದಾದಿಯರು, ಮನಶ್ಶಾಸ್ತ್ರಜ್ಞರು ಎಲ್ಲರೂ ಸೇರಿದ್ದಾರೆ. ಕೈಗಳು ಇಷ್ಟು ಕಡಿಮೆ ಇರುವಲ್ಲಿ ಇದ್ದ ಕೈಗಳನ್ನೇ ವೇಗವಾಗಿ ಓಡಿಸಬೇಕೆಂದು ಆಡಳಿತಕ್ಕೆ ತೋಚುವುದು ಸಹಜವೇ. ಆದರೆ ವೇಗವನ್ನು ಅಳೆಯಲು ಅವರು ತಂದ ಡ್ಯಾಶ್‌ಬೋರ್ಡ್ ನಮ್ಮ ಕಣ್ಣುಗಳಿಗೆ ಏನು ಮಾಡಿತೆಂಬುದನ್ನು ಯಾರೂ ಅಳೆಯಲಿಲ್ಲ. ಕ್ಲೈಂಟ್ ಒಳಗೆ ಬರುವ ಮೊದಲು ಹೊರಗಿನ ಟ್ಯಾಬ್ಲೆಟ್‌ನಲ್ಲಿ ಫಾರ್ಮ್ ತುಂಬುತ್ತಾರೆ, ಒಟ್ಟು ಅಂಕ ನಮ್ಮ ಪರದೆಯ ಮೇಲೆ ಒಂದು ಬಣ್ಣದ ಚುಕ್ಕೆಯಾಗಿ ಮೂಡುತ್ತದೆ: ಹತ್ತಕ್ಕಿಂತ ಕಡಿಮೆಯಿದ್ದರೆ ಹಸಿರು, ಹದಿನೈದು ದಾಟಿದರೆ ಕೆಂಪು, ನಡುವೆ ಹಳದಿ. ತಿಂಗಳ ಕೊನೆಗೆ ಯಾರ ಪಟ್ಟಿಯಲ್ಲಿ ಎಷ್ಟು ಚುಕ್ಕೆಗಳು ಹಸಿರಾದವು ಎಂಬುದು ತಂಡದ ಸಭೆಯಲ್ಲಿ ಗೋಡೆಯ ಮೇಲೆ ಬೀಳುತ್ತದೆ.

ನಾನು ಹೇಳಹೊರಟ ಕ್ಲೈಂಟ್‌ಗೆ ಅಂದು ನನ್ನೊಂದಿಗೆ ಆರನೆಯ ಸೆಷನ್. ಇಂಟೇಕ್ ದಿನ, ಅಂದರೆ ಮೊದಲ ಭೇಟಿಯಲ್ಲಿ ವಿವರ ಪಡೆದ ದಿನ, 17 ಇದ್ದ ಆಕೆಯ ಅಂಕ ಅಂದು 8ಕ್ಕೆ ಇಳಿದಿತ್ತು. ಬೆಳಗಿನಿಂದ ಎರಡು ನೋ-ಶೋ (ಸಮಯ ಪಡೆದು ಬಾರದವರು), ಒಂದು ಕೆಂಪು ಚುಕ್ಕೆ, ಸೆಷನ್ ಮಧ್ಯದಲ್ಲೇ ಎದ್ದುಹೋದ ಒಬ್ಬರು, ಇಷ್ಟನ್ನು ಕಂಡಿದ್ದ ನನಗೆ ಆ ಹಸಿರು ಚುಕ್ಕೆ ಯಾರೋ ಬೆನ್ನು ತಟ್ಟಿದಂತೆ ಅನಿಸಿತೆಂದು ಒಪ್ಪಿಕೊಳ್ಳಬೇಕು. ಆಕೆ ಕುಳಿತುಕೊಳ್ಳುತ್ತಿದ್ದಂತೆಯೇ ‘ಅಂಕ ತುಂಬಾ ಇಳಿದಿದೆ, ನೋಡಿದಿರಾ? ನಿಮ್ಮ ಶ್ರಮ ಫಲ ಕೊಡುತ್ತಿದೆ’ ಎಂದೆ. ಆಕೆ ನಕ್ಕರು. ಆ ನಗುವಿಗೂ ಉಳಿದ ನಲವತ್ತೈದು ನಿಮಿಷಗಳ ವಿಧೇಯತೆಗೂ ಇದ್ದ ಸಂಬಂಧ ಅಂದು ನನಗೆ ಕಾಣಲಿಲ್ಲ. ನಾನು ಮಾತನ್ನು ‘ಚೇತರಿಕೆ’ ಎಂಬ ಪದದಿಂದ ತೆರೆದಿದ್ದೆ, ಆಕೆ ಸಭ್ಯರಾಗಿ ಆ ಪದದೊಳಗೇ ಮಾತಾಡಿದರು. ನಿದ್ದೆ ಪರವಾಗಿಲ್ಲ, ಕೆಲಸಕ್ಕೆ ಹೋಗುತ್ತಿದ್ದೇನೆ, ತಂಗಿಯೊಂದಿಗೆ ಮಾತು ಮತ್ತೆ ಶುರುವಾಗಿದೆ ಎಂದರು. ಹಾಗಿದ್ದರೆ ಮುಂದಿನ ಭೇಟಿಯನ್ನು ಒಂದು ತಿಂಗಳ ನಂತರ ಇಟ್ಟುಕೊಳ್ಳೋಣ, ನಿಧಾನವಾಗಿ ಟರ್ಮಿನೇಷನ್ (ಸೆಷನ್‌ಗಳ ಮುಕ್ತಾಯ) ಕಡೆಗೆ ಸಾಗೋಣ ಎಂದು ನಾನೇ ಸೂಚಿಸಿದೆ. ಬಾಗಿಲ ಬಳಿ ನಿಂತು ಆಕೆ, ‘ಮುಂದಿನ ತಿಂಗಳೂ ನೀವೇ ಇರುತ್ತೀರಲ್ಲ ಮೇಡಂ?’ ಎಂದು ಕೇಳಿದರು. ಬಾಗಿಲಲ್ಲಿ ನಿಂತು ಆಡುವ ಮಾತನ್ನು ಎಂದೂ ಹಗುರವಾಗಿ ತೆಗೆದುಕೊಳ್ಳಬೇಡಿ ಎಂದು ಪ್ರಶಿಕ್ಷಣಾರ್ಥಿಗಳಿಗೆ ಪಾಠ ಹೇಳುವ ನಾನು, ‘ಇರುತ್ತೇನೆ, ಕೌಂಟರಿನಲ್ಲಿ ದಿನಾಂಕ ಬರೆಸಿಕೊಳ್ಳಿ’ ಎಂದು ಉತ್ತರಿಸಿದೆ.

ಸಂಜೆ ಐದೂ ನಲವತ್ತಕ್ಕೆ ಬಾಕಿ ನೋಟುಗಳನ್ನು ಬರೆಯಲು ಕುಳಿತೆ. ಟ್ಯಾಬ್ಲೆಟ್‌ನ ತಂತ್ರಾಂಶಕ್ಕೂ ಕಡತದ ತಂತ್ರಾಂಶಕ್ಕೂ ಮಾತುಕತೆ ಇಲ್ಲದ ಕಾರಣ ಫಾರ್ಮಿನ ಅಂಕಗಳನ್ನು ಕೈಯಾರೆ ಮತ್ತೆ ತುಂಬಬೇಕಾಗುತ್ತಿತ್ತು. ದಿನವೂ ಗೊಣಗುತ್ತಿದ್ದ ಆ ಕೆಲಸವೇ ಅಂದು ನನ್ನನ್ನು ಉಳಿಸಿತು. ನಿದ್ದೆ 1, ದಣಿವು 2, ತನ್ನ ಬಗ್ಗೆ ಕೀಳಭಿಪ್ರಾಯ 2, ಏಕಾಗ್ರತೆ 1, ಒಂಬತ್ತನೆಯದು 2. ಸತ್ತರೆ ಒಳ್ಳೆಯದು ಅಥವಾ ತನಗೇ ಹಾನಿ ಮಾಡಿಕೊಳ್ಳಬೇಕು ಎಂಬ ಯೋಚನೆ ಕಳೆದ ಎರಡು ವಾರಗಳಲ್ಲಿ ಎಷ್ಟು ಸಲ ಕಾಡಿದೆ ಎಂಬ ಪ್ರಶ್ನೆಗೆ ಆಕೆ ‘ಅರ್ಧಕ್ಕಿಂತ ಹೆಚ್ಚು ದಿನ’ ಎಂದು ಗುರುತು ಹಾಕಿದ್ದರು. ಇಂಟೇಕ್ ದಿನ ಅದೇ ಪ್ರಶ್ನೆಗೆ ಸೊನ್ನೆ ಇತ್ತು. ಅಂದರೆ ಉಳಿದೆಲ್ಲ ಇಳಿದು, ಏರಬಾರದ ಒಂದು ಮಾತ್ರ ಏರಿತ್ತು, ಮತ್ತು ಕೂಡಿಸುವ ಲೆಕ್ಕ ಅದನ್ನು ಅಚ್ಚುಕಟ್ಟಾಗಿ ಮುಚ್ಚಿಟ್ಟಿತ್ತು.

ಅದಕ್ಕಿಂತ ಕೆಟ್ಟದ್ದು ಪರದೆಯ ಇನ್ನೊಂದು ಮೂಲೆಯಲ್ಲಿತ್ತು. ನಮ್ಮ ನೋಟಿನ ನಮೂನೆ ಹಿಂದಿನ ಸೆಷನ್ನಿನ ವಾಕ್ಯಗಳನ್ನು ತಾನಾಗಿಯೇ ಎಳೆದುತರುತ್ತದೆ. ‘ಆತ್ಮಹತ್ಯೆಯ ಆಲೋಚನೆ: ವಿಚಾರಿಸಲಾಯಿತು, ಇಲ್ಲವೆಂದು ತಿಳಿಸಿದರು’ ಎಂಬ ಸಾಲು, ನಾನು ವಿಚಾರಿಸದೆ ಇದ್ದ ದಿನದ ನೋಟಿನಲ್ಲಿ, ನನ್ನ ಹೆಸರಿನ ಕೆಳಗೆ ಆಗಲೇ ಬಂದು ಕುಳಿತಿತ್ತು. ಇನ್ನೊಂದು ಗುಂಡಿ ಒತ್ತಿದ್ದರೆ ಅದು ದಾಖಲೆಯಾಗುತ್ತಿತ್ತು. ಎಷ್ಟು ಕಡತಗಳಲ್ಲಿ ಇಂತಹ ಸಾಲುಗಳು ಈಗಾಗಲೇ ದಾಖಲೆಯಾಗಿ ಉಳಿದಿರಬಹುದು ಎಂಬ ಯೋಚನೆ ಆಗ ಬಂದಿತ್ತೆಂದು ಹೇಳಲಾರೆ. ಆ ಯೋಚನೆ ನಂತರದ ರಾತ್ರಿಗಳಲ್ಲಿ ಬಂತು.

ಫೋನ್ ಮಾಡಿದೆ. ಮೊದಲ ಸಲ ರಿಂಗಾಗಿ ನಿಂತಿತು, ಎರಡನೆಯ ಸಲ ಸ್ವಿಚ್ ಆಫ್. ತುರ್ತು ಸಂಪರ್ಕದ ಸಂಖ್ಯೆ ಹುಡುಕಿದರೆ ಅಲ್ಲಿಯೂ ಆಕೆಯದೇ ಸಂಖ್ಯೆ ಇತ್ತು, ಏಕೆಂದರೆ ಆ ಜಾಗವನ್ನು ತುಂಬದೆ ಫಾರ್ಮ್ ಮುಂದೆ ಹೋಗುವುದಿಲ್ಲ, ಬೇರೆಯವರ ಹೆಸರು ಕೊಡಲು ಮನಸ್ಸಿಲ್ಲದವರು ತಮ್ಮದನ್ನೇ ಎರಡು ಸಲ ಬರೆದು ದಾಟುತ್ತಾರೆ. ಇಂಟೇಕ್ ಮಾಡಿದವಳು ನಾನೇ. ಅದನ್ನು ಆರು ಸೆಷನ್‌ಗಳಲ್ಲಿ ಒಮ್ಮೆಯೂ ಗಮನಿಸಿರಲಿಲ್ಲ. ತಂಗಿ ಎಂದು ಆಕೆ ಅಂದು ಹತ್ತು ಸಲ ಹೇಳಿದ್ದರು, ಆ ತಂಗಿಯ ಹೆಸರೂ ನನಗೆ ಗೊತ್ತಿರಲಿಲ್ಲ. ಸೂಪರ್‌ವೈಸರ್ ಕ್ಲಿನಿಕಲ್ ಗಂಟೆಗಳ ಪರಿಶೀಲನಾ ಸಭೆಯಲ್ಲಿದ್ದರು, ಬಾಗಿಲು ತಟ್ಟಿದಾಗ ಐದು ನಿಮಿಷ ಎಂದು ಕೈಸನ್ನೆ ಮಾಡಿದರು.

ಆ ಐದು ನಿಮಿಷಗಳಲ್ಲಿ ನಾನು ಏನು ಮಾಡಿದೆನೆಂಬುದು ಇಂದಿಗೂ ಚುಚ್ಚುತ್ತದೆ. ಆಕೆಯ ಬಗ್ಗೆ ಯೋಚಿಸುತ್ತಿದ್ದೆನೆಂದು ಬರೆಯಲು ಆಸೆಯಿದೆ, ಆದರೆ ನಾನು ಮನಸ್ಸಿನಲ್ಲೇ ಒಂದು ವಿವರಣೆಯನ್ನು ರಚಿಸುತ್ತಿದ್ದೆ. ಒಂಬತ್ತನೆಯ ಪ್ರಶ್ನೆ ಸಾವಿನ ಮಂಕು ಆಸೆಯನ್ನೂ ಸ್ವಹಾನಿಯ ಯೋಚನೆಯನ್ನೂ ಒಂದೇ ವಾಕ್ಯದಲ್ಲಿ ಕಟ್ಟಿರುವುದರಿಂದ ಅದರಲ್ಲಿ ಹುಸಿ ಎಚ್ಚರಿಕೆಗಳು ಹೆಚ್ಚು, ಒಟ್ಟು ಅಂಕ ಹತ್ತರ ಕೆಳಗಿತ್ತು, ಸೆಷನ್ನಿನಲ್ಲಿ ಯಾವ ಲಕ್ಷಣವೂ ಕಾಣಲಿಲ್ಲ, ಕೇಸ್‌ಲೋಡ್ ಎಂಟು ಇತ್ತು. ಪ್ರತಿಯೊಂದು ವಾಕ್ಯವೂ ನಿಜವೇ. ಎಲ್ಲವೂ ಸೇರಿ ಒಂದು ವಕೀಲಿ ಪತ್ರವಾಗಿತ್ತು, ಮತ್ತು ಅದನ್ನು ನಾನು ಯಾರ ವಿರುದ್ಧ ಬರೆಯುತ್ತಿದ್ದೆನೆಂಬುದು ಅರಿವಾದಾಗ ಎದ್ದುಹೋಗಿ, ಅನುಮತಿ ಕೇಳದೆ ಸಭೆಯ ಬಾಗಿಲು ತೆರೆದೆ.

ಸೂಪರ್‌ವೈಸರ್ ಹೊರಬಂದು ಕಡತ ನೋಡಿದರು. ಜೀವಕ್ಕೆ ಅಪಾಯವಿದ್ದಾಗ ಗೋಪ್ಯತೆಯ ಮಿತಿಯನ್ನು ದಾಟಬೇಕಾಗುತ್ತದೆಂದು ಮೊದಲ ದಿನವೇ ಎಲ್ಲರಿಗೂ ಹೇಳಿ ಸಹಿ ಪಡೆದಿರುತ್ತೇವೆ, ಆದರೆ ಒಂದು ‘2’ನ್ನು ಹಿಡಿದುಕೊಂಡು ಅಪರಿಚಿತರನ್ನು ಆಕೆಯ ಮನೆ ಬಾಗಿಲಿಗೆ ಕಳುಹಿಸುವುದು ಸರಿಯೇ ಎಂಬುದಕ್ಕೆ ಆ ಸಹಿಯಲ್ಲಿ ಉತ್ತರವಿರುವುದಿಲ್ಲ. ಆರೂಕಾಲರವರೆಗೆ ಪ್ರಯತ್ನಿಸುವುದು, ಆಮೇಲೆ ತುರ್ತು ಸೇವೆಗೆ ತಿಳಿಸುವುದು ಎಂದು ತೀರ್ಮಾನಿಸಿದೆವು. ಅವರು ನನ್ನನ್ನು ಬೈಯಲಿಲ್ಲ, ಸಮಾಧಾನವನ್ನೂ ಮಾಡಲಿಲ್ಲ. ‘ಫೋನ್ ಎತ್ತಿದರೆ ಮೊದಲ ವಾಕ್ಯ ಏನು ಹೇಳುತ್ತೀರಿ?’ ಎಂದಷ್ಟೇ ಕೇಳಿದರು. ಹನ್ನೊಂದು ವರ್ಷದ ಅನುಭವವಿದ್ದ ನನ್ನ ಬಳಿ ಆ ವಾಕ್ಯ ಇರಲಿಲ್ಲ.

ಆರು ಗಂಟೆ ಒಂಬತ್ತು ನಿಮಿಷಕ್ಕೆ ಆಕೆಯೇ ಮರಳಿ ಕರೆ ಮಾಡಿದರು. ಪ್ರಯಾಣದಲ್ಲಿದ್ದಾಗ ಬ್ಯಾಟರಿ ಮುಗಿದಿತ್ತಂತೆ. ನಾನು ನೇರವಾಗಿ ಕೇಳಿದೆ: ‘ಫಾರ್ಮಿನ ಕೊನೆಯ ಪ್ರಶ್ನೆಗೆ ನೀವು ಕೊಟ್ಟ ಉತ್ತರವನ್ನು ನಾನು ಈಗಷ್ಟೇ ಓದಿದೆ. ಸಾಯಬೇಕೆಂಬ ಯೋಚನೆ ಬರುತ್ತಿದೆಯೇ?’ ಬಹಳ ಹೊತ್ತು ಮಾತಿಲ್ಲ. ಆಮೇಲೆ ಆಕೆ ಹೇಳಿದ್ದನ್ನು ಆದಷ್ಟು ಅವರ ಮಾತಿನಲ್ಲೇ ಬರೆಯುತ್ತೇನೆ. ‘ಈಗ ಓದಿದಿರಾ? ನಾನು ನೀವು ಆಗಲೇ ಓದಿದ್ದೀರಿ ಅಂದುಕೊಂಡಿದ್ದೆ ಮೇಡಂ. ಓದಿಯೂ ನೀವು ಏನೂ ಕೇಳಲಿಲ್ಲ. ಅದು ಇಲ್ಲಿ ಮಾತಾಡುವ ವಿಷಯ ಅಲ್ಲವೇನೋ ಅನಿಸಿತು.’

ನಾನು ಇಡೀ ಸಂಜೆ ಹೆದರಿದ್ದು ಆಕೆ ಬಚ್ಚಿಟ್ಟಿದ್ದಾರೆ ಎಂದು. ಆಕೆ ಬಚ್ಚಿಟ್ಟಿರಲಿಲ್ಲ, ಹೇಳಿ, ಉತ್ತರಕ್ಕಾಗಿ ನಲವತ್ತೈದು ನಿಮಿಷ ಕಾದು, ನನ್ನ ಸಂಭ್ರಮವನ್ನೇ ಉತ್ತರವೆಂದು ತೆಗೆದುಕೊಂಡು ಮನೆಗೆ ಹೊರಟಿದ್ದರು.

ಆತ್ಮಹತ್ಯೆಯ ಅಪಾಯವನ್ನು ಅಳೆಯುವ ಕೊಲಂಬಿಯಾ ಮಾಪಕದ ಪ್ರಶ್ನೆಗಳನ್ನು ಫೋನಿನಲ್ಲೇ ಒಂದೊಂದಾಗಿ ಕೇಳಿದೆ. ಯೋಚನೆ ಇತ್ತು, ಯೋಜನೆ ಇರಲಿಲ್ಲ, ಉದ್ದೇಶವೂ ಇರಲಿಲ್ಲ. ಆ ರಾತ್ರಿ ತಂಗಿ ಜೊತೆಗಿರಲು ಒಪ್ಪಿದರು, ತಂಗಿಯ ಸಂಖ್ಯೆಯನ್ನೂ ಕೊಟ್ಟರು. ಮರುದಿನ ಬೆಳಿಗ್ಗೆ ಮೊದಲ ಸೆಷನ್ನಿನಲ್ಲಿ ಇಬ್ಬರೂ ಕುಳಿತು ಸೇಫ್ಟಿ ಪ್ಲಾನ್ ಬರೆದೆವು, ಅಂದರೆ ಆ ಯೋಚನೆ ಬಂದಾಗ ಏನು ಮಾಡಬೇಕು, ಯಾರನ್ನು ಸಂಪರ್ಕಿಸಬೇಕು ಎಂಬ ಪಟ್ಟಿ. ‘ನನಗೆ ನಾನು ಹಾನಿ ಮಾಡಿಕೊಳ್ಳುವುದಿಲ್ಲ’ ಎಂದು ಸಹಿ ಹಾಕಿಸಿಕೊಳ್ಳುವ ಹಳೆಯ ಪದ್ಧತಿಗೆ ಆಧಾರವಿಲ್ಲವೆಂದು ಗೊತ್ತಿದ್ದರೂ ಈಗಲೂ ಕೆಲವರು ಅದನ್ನು ಬಿಟ್ಟಿಲ್ಲ. ಆ ಕಾಗದದಿಂದ ನೆಮ್ಮದಿಯಾಗುವುದು ಸಹಿ ಹಾಕಿದವರಿಗಲ್ಲ, ಹಾಕಿಸಿಕೊಂಡವರಿಗೆ.

ಈ ಘಟನೆಯನ್ನು ಕೇಸ್‌ಲೋಡಿನ ಮೇಲೆ ಹೊರಿಸುವುದು ಸುಲಭ, ಸಹೋದ್ಯೋಗಿಗಳು ಪ್ರೀತಿಯಿಂದ ಹಾಗೆಯೇ ಮಾಡಿದರು. ಆದರೆ ಫಾರ್ಮಿನ ಬಿಡಿ ಉತ್ತರಗಳನ್ನು ತೆರೆಯಲು ಎರಡು ಕ್ಲಿಕ್ ಸಾಕು, ಎರಡು ಕ್ಲಿಕ್ಕಿಗೆ ಬೇಕಾದ ಸಮಯ ಆ ದಿನವೂ ಇತ್ತು. ನನಗೆ ಆಕೆ ಸುಧಾರಿಸಿರುವುದು ಬೇಕಾಗಿತ್ತು, ಚುಕ್ಕೆ ಅದನ್ನೇ ಹೇಳಿತು, ಅದರಾಚೆ ನೋಡುವ ಕುತೂಹಲ ಅಲ್ಲಿಗೇ ಸತ್ತಿತು. ನಮ್ಮ ವೃತ್ತಿಯವರಿಗೆ ಈ ಕುರುಡು ಹೊಸದಲ್ಲ. 2005ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ 550 ಕ್ಲೈಂಟ್‌ಗಳ ಪೈಕಿ ಯಾರ ಸ್ಥಿತಿ ಹದಗೆಡಬಹುದೆಂದು ಚಿಕಿತ್ಸಕರನ್ನು ಕೇಳಿದಾಗ ಅವರು ಮೂವರನ್ನು ಮಾತ್ರ ಗುರುತಿಸಿದರು, ಆದರೆ ಕೊನೆಗೆ ಹದಗೆಟ್ಟವರು ನಲವತ್ತು ಮಂದಿ. ಮಾಪನದ ಫಾರ್ಮ್‌ಗಳು ಬಂದದ್ದು ಈ ಕುರುಡಿಗೆ ಮದ್ದಾಗಿಯೇ. ನಾನು ಮದ್ದಿನ ಶೀಶೆಯ ಬಣ್ಣ ನೋಡಿ ಒಳಗಿನದನ್ನು ಮುಟ್ಟದೆ ಇಟ್ಟಿದ್ದೆ. ಇನ್ನೊಂದು ಕಾರಣ ಹೇಳಲು ಮುಜುಗರವಾಗುತ್ತದೆ. ಆತ್ಮಹತ್ಯೆಯ ಬಗ್ಗೆ ಕೇಳಿದರೆ ಆ ಯೋಚನೆ ಬಿತ್ತಿದಂತಾಗುವುದಿಲ್ಲ ಎಂದು ಸಂಶೋಧನೆಗಳು ಮತ್ತೆ ಮತ್ತೆ ತೋರಿಸಿವೆ, ಅದನ್ನು ನಾನು ತರಗತಿಗಳಲ್ಲಿ ಹೇಳುತ್ತೇನೆ. ಆದರೂ ದಿನದ ಏಳನೆಯ ಸೆಷನ್ನಿನಲ್ಲಿ ಆ ಪ್ರಶ್ನೆ ಕೇಳಿದರೆ ಬರಬಹುದಾದ ‘ಹೌದು’ ಎಂಬ ಉತ್ತರದ ಭಾರವನ್ನು ಹೊರುವ ಶಕ್ತಿ ಉಳಿದಿರುವುದಿಲ್ಲ, ಮತ್ತು ಮೈಗೆ ಅದು ಮೊದಲೇ ಗೊತ್ತಿರುತ್ತದೆ.

ಆಡಳಿತಕ್ಕೆ ಘಟನಾ ವರದಿ ಸಲ್ಲಿಸಿದೆ. ಮೂರು ವಾರಗಳ ನಂತರ ಎರಡು ಪರಿಹಾರಗಳು ಬಂದವು. ನೋಟನ್ನು ಉಳಿಸುವ ಮುನ್ನ ‘ಅಪಾಯದ ಮೌಲ್ಯಮಾಪನ ಮಾಡಿದ್ದೀರಾ?’ ಎಂದು ಕೇಳುವ ಒಂದು ಕೆಂಪು ಪೆಟ್ಟಿಗೆ ಪ್ರತಿ ಕಡತದಲ್ಲೂ, ಅಂಕ ಎಷ್ಟೇ ಇರಲಿ, ಪುಟಿಯತೊಡಗಿತು. ಒಂದು ತಿಂಗಳಲ್ಲಿ ನಮ್ಮೆಲ್ಲರ ಬೆರಳುಗಳು ಅದನ್ನು ಓದದೆ ‘ಹೌದು’ ಒತ್ತುವುದನ್ನು ಕಲಿತವು. ಎರಡನೆಯದು ಬರ್ನ್‌ಔಟ್ (ಕೆಲಸದ ಒತ್ತಡದಿಂದ ಬಸವಳಿಯುವುದು) ಕುರಿತ ವೆಬಿನಾರ್, ಅದನ್ನು ಏರ್ಪಡಿಸಿದ್ದು ಊಟದ ವಿರಾಮದಲ್ಲಿ. ಬರ್ನ್‌ಔಟ್ ಎಂಬ ಪದವನ್ನು 1974ರಲ್ಲಿ ವೃತ್ತಿಯ ಚರ್ಚೆಗೆ ತಂದ ಹರ್ಬರ್ಟ್ ಫ್ರಾಯ್ಡೆನ್‌ಬರ್ಗರ್ ಅದನ್ನು ಕಂಡದ್ದು ಉಚಿತ ಚಿಕಿತ್ಸಾಲಯದಲ್ಲಿ ದುಡಿಯುತ್ತಿದ್ದ ತನ್ನಲ್ಲಿ ಮತ್ತು ತನ್ನ ಸಹಚರರಲ್ಲಿ. ವಿಶ್ವ ಆರೋಗ್ಯ ಸಂಸ್ಥೆಯೂ 2019ರಲ್ಲಿ ಅದನ್ನು ಕಾಯಿಲೆಯೆಂದಲ್ಲ, ಕೆಲಸಕ್ಕೆ ಸಂಬಂಧಿಸಿದ ವಿದ್ಯಮಾನವೆಂದು ವಿವರಿಸಿತು. ವೆಬಿನಾರಿನಲ್ಲಿ ಕೆಲಸದ ಪ್ರಸ್ತಾಪ ಬರಲಿಲ್ಲ, ಉಸಿರಾಟದ ಪ್ರಸ್ತಾಪ ಬಂತು.

ಈಗ ನಾನು ಫಾರ್ಮನ್ನು ಕ್ಲೈಂಟ್ ಜೊತೆಗೇ ತೆರೆದು, ಕೊನೆಯ ಪ್ರಶ್ನೆಯನ್ನು ನನ್ನ ಬಾಯಿಂದ ಇನ್ನೊಮ್ಮೆ ಕೇಳುತ್ತೇನೆ, ಅಲ್ಲಿ ಸೊನ್ನೆ ಇದ್ದರೂ ಕೇಳುತ್ತೇನೆ. ಹಳೆಯ ನೋಟಿನಿಂದ ಬಂದ ಸಾಲುಗಳನ್ನೆಲ್ಲ ಅಳಿಸಿಯೇ ಬರೆಯಲು ಶುರುಮಾಡುತ್ತೇನೆ. ಇದರಿಂದ ಪ್ರತಿ ಸೆಷನ್ನಿನಲ್ಲಿ ಆರೇಳು ನಿಮಿಷ ಹೋಗುತ್ತದೆ, ಗೋಡೆಯ ಮೇಲಿನ ಪಟ್ಟಿಯಲ್ಲಿ ನನ್ನ ಹೆಸರು ಕೆಳಗಿನಿಂದ ಮೂರನೆಯದು. ಆಪ್ತಸಮಾಲೋಚಕರ ಜಾಗಕ್ಕೆ ಚಾಟ್‌ಬಾಟ್ ಬರುತ್ತದೆಯೇ ಎಂಬ ಚರ್ಚೆ ಊಟದ ಕೋಣೆಯಲ್ಲಿ ಆಗಾಗ ಏಳುತ್ತದೆ. ಆ ಸಂಜೆ ಟ್ಯಾಬ್ಲೆಟ್ ತನ್ನ ಪ್ರಶ್ನೆಯನ್ನು ತಪ್ಪಿಲ್ಲದೆ ಕೇಳಿತ್ತು, ಉತ್ತರವನ್ನೂ ತಪ್ಪಿಲ್ಲದೆ ಬರೆದುಕೊಂಡಿತ್ತು ಎಂಬುದನ್ನು ನೆನೆದಾಗ ನಾನು ಆ ಚರ್ಚೆಯಲ್ಲಿ ಸುಮ್ಮನಿರುತ್ತೇನೆ.

ಆಕೆ ಅದರ ನಂತರ ಒಂಬತ್ತು ಸೆಷನ್‌ಗಳಿಗೆ ಬಂದರು. ಕೆಲವು ವಾರ ಚುಕ್ಕೆ ಹಳದಿಗೆ ತಿರುಗಿತ್ತು, ಏಕೆಂದರೆ ಆಕೆ ಉಳಿದ ಪ್ರಶ್ನೆಗಳಿಗೂ ಇದ್ದದ್ದನ್ನು ಇದ್ದಂತೆ ಬರೆಯತೊಡಗಿದ್ದರು. ತಿಂಗಳ ಸಭೆಯಲ್ಲಿ ಅದು ನನ್ನ ಹೆಸರಿನ ಮುಂದೆ ‘ಹಿನ್ನಡೆ’ ಎಂದು ದಾಖಲಾಯಿತು.

ಹೊಸ ಸಹೋದ್ಯೋಗಿಯನ್ನು ನಿನ್ನೆ ಕರೆದು ಗಡುಸಾಗಿ ಮಾತಾಡಿದ್ದಕ್ಕೆ ಕ್ಷಮೆ ಕೇಳಿ ಇದಿಷ್ಟನ್ನೂ ಹೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, ಒಂಬತ್ತನೆಯ ಉತ್ತರವನ್ನು ಒಟ್ಟು ಅಂಕದ ಪಕ್ಕದಲ್ಲೇ ಬೇರೆಯಾಗಿ ತೋರಿಸಲು ತಂತ್ರಾಂಶದವರಿಗೆ ಹೇಳಬಹುದಲ್ಲವೇ ಎಂದು ಕೇಳಿದರು. ಹೇಳಿದ್ದೇವೆ. ಹದಿನಾಲ್ಕು ತಿಂಗಳಾಯಿತು, ಮನವಿ ‘ಪರಿಶೀಲನೆಯಲ್ಲಿದೆ’ ಎಂದು ತೋರಿಸುತ್ತಿದೆ, ಅದರ ಪಕ್ಕದಲ್ಲಿ ಒಂದು ಹಸಿರು ಚುಕ್ಕೆಯೂ ಇದೆ.