ಬೇಂದ್ರೆ ಪದ್ಯ ಹಾಡಲು 2041ರವರೆಗೆ ಅಪ್ಪಣೆ ಬೇಕು

ಸುಗಮ ಸಂಗೀತದ ಹೊಸ ಆಲ್ಬಮ್ಮಿಗೆ ಪುರಂದರದಾಸರ ಪದ ಆರಿಸಿಕೊಳ್ಳುವುದರಲ್ಲಿ ಭಕ್ತಿಯ ಜೊತೆ ಕಾಸಿನ ಲೆಕ್ಕವೂ ಇದೆ. ದಾಸರ ಸಾಹಿತ್ಯಕ್ಕೆ ಯಾರನ್ನೂ ಕೇಳಬೇಕಿಲ್ಲ. ಹಾಗೆಂದು ಬೇರೆಯವರು ಹಾಕಿದ ಧಾಟಿ ಎತ್ತಿಕೊಂಡರೆ ತಕರಾರು ತಪ್ಪದು. ಸಾಹಿತ್ಯ, ಧಾಟಿ, ರೆಕಾರ್ಡಿಂಗ್: ಒಂದೇ ಹಾಡಿನಲ್ಲಿ ಮೂರು ಬೇರೆ ಬೇರೆ ಕೃತಿಸ್ವಾಮ್ಯದ (ಕಾಪಿರೈಟ್) ಹಕ್ಕುಗಳಿವೆ.

ಕವಿ ತೀರಿಕೊಂಡ ಮರುವರ್ಷದಿಂದ 60 ವರ್ಷ ಹಕ್ಕು ವಾರಸುದಾರರದು. ಮೊದಲು 50 ಇತ್ತು. ವಿಶ್ವಭಾರತಿಯ ಕೈಲಿದ್ದ ಟಾಗೋರರ ಹಕ್ಕು 1991ಕ್ಕೆ ಮುಗಿಯುವುದರಲ್ಲಿತ್ತು; ಆಗ ಕೇಂದ್ರ ಸರ್ಕಾರ ಎಲ್ಲರಿಗೂ ಹತ್ತು ವರ್ಷ ಹಿಗ್ಗಿಸಿತು. ಬಂಗಾಳದ ಕವಿಗಾಗಿ ಮಾಡಿದ್ದು ಧಾರವಾಡದ ಕವಿಗೂ ದಕ್ಕಿತು. ಬಿ.ಎಂ.ಶ್ರೀ. ಪದ್ಯಗಳು 2007ರಿಂದ ಮುಕ್ತ. ಡಿ.ವಿ.ಜಿ. 2035ರ ಕೊನೆಯವರೆಗೆ, ರಾಜರತ್ನಂ 2039, ಬೇಂದ್ರೆ 2041, ಕುವೆಂಪು 2054. ಪದ್ಯ ಅಚ್ಚಾದ ವರ್ಷ ಹಿಡಿದು ಲೆಕ್ಕ ಹಾಕುವವರು ಎಡವುವುದು ಇಲ್ಲೇ.

ಸಿನಿಮಾ ಹಾಡಿನ ಕಥೆ ಬೇರೆ. ದುಡ್ಡು ಕೊಟ್ಟು ಬರೆಸಿದ ನಿರ್ಮಾಪಕನೇ ಮಾಲೀಕ ಎಂದು 1977ರಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು. ಕೃತಿಸ್ವಾಮ್ಯ ಕಾಯ್ದೆಯ 2012ರ ತಿದ್ದುಪಡಿ ಆ ಮಾಲೀಕತ್ವವನ್ನು ಕಿತ್ತುಕೊಳ್ಳದೆ, ಚಿತ್ರಮಂದಿರದ ಆಚೆ ಹಾಡು ಬಳಕೆಯಾದಾಗ ಬರುವ ರಾಯಲ್ಟಿಯಲ್ಲಿ ಬರೆದವರಿಗೂ ಸ್ವರ ಹಾಕಿದವರಿಗೂ ಸಮಪಾಲು ಕೊಟ್ಟಿತು. ‘ರಾಯಲ್ಟಿ ಬಿಟ್ಟುಕೊಟ್ಟಿದ್ದೇನೆ’ ಎಂದು ಸಹಿ ಹಾಕಿಸಿಕೊಂಡರೂ ಆ ಸಾಲು ನಿಲ್ಲುವುದಿಲ್ಲ. ಆದರೆ ಈ ರಾಯಲ್ಟಿ ವಸೂಲು ಮಾಡಿ ಹಂಚುವ ಸಂಘವಾದ ಐಪಿಆರ್‌ಎಸ್‌ನಲ್ಲಿ ಸದಸ್ಯರಾಗಿ, ಯಾವ ಹಾಡು ಯಾರದೆಂದು ಒಂದೊಂದನ್ನೂ ಬರೆಸದಿದ್ದರೆ ಪಾಲು ಕೈಗೆ ಬರುವುದು ಕಷ್ಟ.

ಕವರ್ ಹಾಡಿಗೆಂದು, ಅಂದರೆ ಹಳೆಯ ಹಾಡನ್ನು ಹೊಸದಾಗಿ ಹಾಡಿ ರೆಕಾರ್ಡ್ ಮಾಡುವುದಕ್ಕೆ, ಹಕ್ಕುದಾರರ ಒಪ್ಪಿಗೆ ಇಲ್ಲದೆಯೂ ದಾರಿ ಕೊಡುವ 31ಸಿ ಎಂಬ ಕಲಮು ಅದೇ ಕಾಯ್ದೆಯಲ್ಲಿ ಇದೆ. ಮೊದಲ ರೆಕಾರ್ಡಿಂಗ್ ಆದ ವರ್ಷ ಮುಗಿದು ಐದು ವರ್ಷ ಕಳೆದಿರಬೇಕು, ಮುಂಚೆ ನೋಟಿಸು ಕೊಡಬೇಕು, ರಾಯಲ್ಟಿ ಮುಂಗಡ ಕಟ್ಟಬೇಕು, ಸಾಹಿತ್ಯ ತಿದ್ದುವಂತಿಲ್ಲ, ಹೊದಿಕೆಯ ಮೇಲೆ ಮೂಲ ಗಾಯಕರ ಹೆಸರು, ಚಿತ್ರ ಹಾಕುವಂತಿಲ್ಲ. ಇಷ್ಟೂ ಸರಿಯೇ. ಆದರೆ ವರ್ಷಕ್ಕೆ ಕನಿಷ್ಠ 50,000 ಪ್ರತಿಗಳ ರಾಯಲ್ಟಿ! ಭಾಷೆ ನೋಡಿ ಇಳಿಸಲು ಅವಕಾಶವಿದೆ, ನಿಜ. ಆದರೂ ಇದು ಕ್ಯಾಸೆಟ್ ಕಂಪನಿಯ ಅಳತೆಗೆ ಹೊಲಿದ ಅಂಗಿ. ಮನೆಯಲ್ಲೇ ಮೈಕ್ ಇಟ್ಟುಕೊಂಡು ಹಾಡುವವರು ಹಕ್ಕುದಾರರಿಂದ ನೇರವಾಗಿ ಒಪ್ಪಿಗೆ ಬರೆಸಿಕೊಳ್ಳುವುದೇ ಮೇಲು.

ದೇವರ ಕಾರ್ಯ, ಮದುವೆ, ಮದುವೆಯ ಮೆರವಣಿಗೆಯಲ್ಲಿ ಹಾಡಲು, ಹಾಡು ಹಾಕಲು ಅಪ್ಪಣೆ ಬೇಡವೆಂಬ ವಿನಾಯಿತಿಯಿದೆ. ನಗರಸಭೆ ಅಧಿಕೃತವಾಗಿ ನಡೆಸುವ ರಾಜ್ಯೋತ್ಸವಕ್ಕೂ ಇದೆ. ಅದೇ ರಾಜ್ಯೋತ್ಸವದ ಹೆಸರಲ್ಲಿ ಟಿಕೆಟ್ ಹಚ್ಚಿ ಖಾಸಗಿಯವರು ನಡೆಸುವ ರಸಮಂಜರಿಗಿಲ್ಲ. ಮದುವೆ ವಿಡಿಯೊ ಯೂಟ್ಯೂಬಿಗೆ ಏರಿಸಿದಾಗಲೂ ಈ ವಿನಾಯಿತಿ ಹಿಂದೆ ಬರುವುದಿಲ್ಲ. ಅಲ್ಲಿನ ಯಂತ್ರಕ್ಕೆ ಮದುವೆ ಮನೆಯೂ ಒಂದೇ, ಡಿಸ್ಕೊ ಕ್ಲಬ್ಬೂ ಒಂದೇ. ಹಿನ್ನೆಲೆಯ ಹಾಡು ಗುರುತು ಸಿಕ್ಕರೆ ಧಾರೆಯ ದೃಶ್ಯ ಮೂಕಿ ಚಿತ್ರವಾಗಬಹುದು. ವಾಲಗದ ಸದ್ದನ್ನು ಬೇರೆ ಟ್ರ್ಯಾಕಿನಲ್ಲಿ ಹಿಡಿದಿಟ್ಟಿದ್ದರೆ ಅದನ್ನೇ ಕೂಡಿಸಿ ಮತ್ತೆ ಏರಿಸಬಹುದು, ವಾಲಗದವರು ಆ ಹೊತ್ತಿಗೆ ಸಿನಿಮಾ ಧಾಟಿ ನುಡಿಸದಿದ್ದರೆ.