ಕೆನಡಿ ಬಾಹ್ಯಾಕಾಶ ಕೇಂದ್ರದಲ್ಲಿ ಒಂದು ದಿನ: ಬಸ್ಸನ್ನು ಮೊದಲು ಹತ್ತಿ

ಅಮೆರಿಕದ ಫ್ಲಾರಿಡಾ ರಾಜ್ಯದ ಒರ್ಲಾಂಡೊ ನಗರಕ್ಕೆ ಬರುವ ನಮ್ಮವರಲ್ಲಿ ಹೆಚ್ಚಿನವರು ಮೂರು ನಾಲ್ಕು ದಿನಗಳನ್ನು ಮಕ್ಕಳ ಥೀಮ್ ಪಾರ್ಕುಗಳಿಗೆ ಎತ್ತಿಟ್ಟು, ಉಳಿದ ಒಂದು ದಿನವನ್ನು ಕೆನಡಿ ಬಾಹ್ಯಾಕಾಶ ಕೇಂದ್ರಕ್ಕೆ ಕೊಡುತ್ತಾರೆ. ಆ ಒಂದು ದಿನ ಸಾಕಾಗುತ್ತದೆಯೇ ಎಂದು ಪರಿಚಿತರು ಕೇಳುತ್ತಿರುತ್ತಾರೆ. ಯಾವುದನ್ನು ಮೊದಲು ನೋಡಬೇಕು, ಯಾವುದನ್ನು ಬಿಡಬೇಕು ಎಂದು ಹಿಂದಿನ ರಾತ್ರಿಯೇ ನಿರ್ಧರಿಸಿಕೊಂಡು ಹೋದರೆ ಸಾಕಾಗುತ್ತದೆ. ಡಿಸೆಂಬರ್ ಮೊದಲ ವಾರದ ಒಂದು ಮಂಗಳವಾರ ನಾನು, ನನ್ನ ಹೆಂಡತಿ, ಎಂಟು ವರ್ಷದ ಮಗ ಮತ್ತು ದಾವಣಗೆರೆಯಿಂದ ಬಂದಿದ್ದ ಎಪ್ಪತ್ತೆರಡು ವರ್ಷದ ಅಮ್ಮ, ಯಾವ ಪ್ರವಾಸ ಸಂಸ್ಥೆಯ ನೆರವೂ ಇಲ್ಲದೆ ನಮ್ಮಷ್ಟಕ್ಕೆ ನಾವೇ ಹೋಗಿಬಂದೆವು. ಇದೇ ಪ್ರಯಾಣಕ್ಕೆ ಸಿದ್ಧರಾಗುತ್ತಿರುವವರಿಗೆ ನಮ್ಮ ಅನುಭವ ನೆರವಾದೀತೆಂದು ಬರೆಯುತ್ತಿದ್ದೇನೆ.

ಒರ್ಲಾಂಡೊದಿಂದ ಕೇಂದ್ರ ಇರುವ ಮೆರಿಟ್ ದ್ವೀಪಕ್ಕೆ ಕಾರಿನಲ್ಲಿ ಸುಮಾರು ಒಂದು ಗಂಟೆಯ ಹಾದಿ. 528ನೇ ಸಂಖ್ಯೆಯ ಹೆದ್ದಾರಿಯಲ್ಲಿ ಪೂರ್ವಕ್ಕೆ ಸಾಗಿ, ಮುಂದೆ 407ನೇ ರಸ್ತೆಗೆ ಹೊರಳಿ, ಅಲ್ಲಿಂದ 405ನೇ ರಸ್ತೆಯನ್ನು ಹಿಡಿದು ಇಂಡಿಯನ್ ನದಿಯ ವಿಶಾಲವಾದ ಹಿನ್ನೀರನ್ನು ಸೇತುವೆಯ ಮೇಲೆ ದಾಟಿದರೆ ಕೇಂದ್ರ ಹತ್ತಿರವಾಗುತ್ತದೆ. ಸಾರ್ವಜನಿಕ ಬಸ್ಸನ್ನು ನಂಬಿ ಹೊರಡುವ ಜಾಗ ಇದಲ್ಲ. ಸ್ವಂತ ಕಾರು, ಬಾಡಿಗೆ ಕಾರು ಅಥವಾ ಒರ್ಲಾಂಡೊದಿಂದ ಹೊರಡುವ ಖಾಸಗಿ ಬಸ್ಸು, ಈ ಮೂರರಲ್ಲಿ ಒಂದನ್ನು ಆರಿಸಿಕೊಳ್ಳಬೇಕು. 528ರಲ್ಲಿ ಟೋಲ್ ಇದೆ. ಬಾಡಿಗೆ ಕಾರು ಪಡೆಯುವಾಗಲೇ ಟೋಲ್ ಹೇಗೆ ಪಾವತಿಯಾಗುತ್ತದೆ, ಅದಕ್ಕೆ ದಿನವೊಂದಕ್ಕೆ ಎಷ್ಟು ಸೇವಾಶುಲ್ಕ ಸೇರುತ್ತದೆ ಎಂದು ಸ್ಪಷ್ಟವಾಗಿ ಕೇಳಿಕೊಳ್ಳಿ. ನಾವು ಕೇಳಿರಲಿಲ್ಲ, ತಿಂಗಳ ಬಳಿಕ ಬಂದ ಬಿಲ್ಲಿನಲ್ಲಿ ಟೋಲಿಗಿಂತ ಸೇವಾಶುಲ್ಕವೇ ಹೆಚ್ಚಿತ್ತು.

ಟಿಕೆಟ್ಟನ್ನು ಅಂತರ್ಜಾಲದಲ್ಲಿ ಮೊದಲೇ ಕೊಳ್ಳುವುದು ಒಳ್ಳೆಯದು. ದೊಡ್ಡವರಿಗೆ ತೆರಿಗೆಯನ್ನು ಬಿಟ್ಟು ಎಪ್ಪತ್ತೈದು ಡಾಲರಿನ ಆಸುಪಾಸು, ಮಕ್ಕಳಿಗೆ ಅದಕ್ಕಿಂತ ಕಡಿಮೆ. ಕಾರು ನಿಲ್ಲಿಸುವುದಕ್ಕೆ ಪ್ರತ್ಯೇಕ ಶುಲ್ಕವಿದೆ. ದರವೂ ಮುಚ್ಚುವ ವೇಳೆಯೂ ಋತುವಿಗೆ ತಕ್ಕಂತೆ ಬದಲಾಗುವುದರಿಂದ ಹೊರಡುವ ವಾರದಲ್ಲಿ ಇನ್ನೊಮ್ಮೆ ನೋಡಿಕೊಳ್ಳಬೇಕು. ಅದೇ ಸಮಯದಲ್ಲಿ ಆ ದಿನ ಯಾವುದಾದರೂ ರಾಕೆಟ್ ಉಡಾವಣೆ ಇದೆಯೇ ಎಂಬುದನ್ನೂ ನೋಡಿ. ಉಡಾವಣೆ ಕಾಣಸಿಕ್ಕರೆ ಅದಕ್ಕಿಂತ ದೊಡ್ಡ ಭಾಗ್ಯ ಬೇರೊಂದಿಲ್ಲ. ಆದರೆ ಅಂಥ ದಿನಗಳಲ್ಲಿ ಜನಸಂದಣಿ ವಿಪರೀತವಾಗಿರುತ್ತದೆ, ಒಳಗಿನ ಬಸ್ಸುಗಳ ಮಾರ್ಗವೂ ಬದಲಾಗಬಹುದು. ಬೇಸಿಗೆಯಲ್ಲಿ ಹೋಗುವವರು ಮಧ್ಯಾಹ್ನದ ಗುಡುಗು ಮಳೆಯನ್ನು ಲೆಕ್ಕಕ್ಕೆ ಇಟ್ಟುಕೊಂಡು, ಬಯಲಿನಲ್ಲಿ ನೋಡಬೇಕಾದುದನ್ನು ಬೆಳಿಗ್ಗೆಯೇ ಮುಗಿಸುವುದು ಲೇಸು.

ಬಾಗಿಲು ತೆರೆಯುವುದು ಸಾಮಾನ್ಯವಾಗಿ ಒಂಬತ್ತಕ್ಕೆ. ನಾವು ಎಂಟು ಮುಕ್ಕಾಲಿಗೆ ಕಾರು ನಿಲ್ಲಿಸಿದ್ದರಿಂದ ಭದ್ರತಾ ತಪಾಸಣೆಯ ಸಾಲಿನಲ್ಲಿ ಹೆಚ್ಚು ಹೊತ್ತು ಕಾಯಬೇಕಾಗಲಿಲ್ಲ. ಅಮ್ಮನಿಗೆ ಮಂಡಿನೋವು. ಆದರೂ ಗಾಲಿಕುರ್ಚಿ ಬೇಡವೆಂದು ಅವರು ಹಟ ಹಿಡಿದಿದ್ದರು. ಪ್ರವೇಶದ್ವಾರದ ಬಳಿ ಅದು ಬಾಡಿಗೆಗೆ ಸಿಗುತ್ತದೆಂದು ತಿಳಿದ ಮೇಲೆ, ಸುಮ್ಮನೆ ಜೊತೆಯಲ್ಲಿರಲಿ ಎಂದು ಒಪ್ಪಿಸಿ ತೆಗೆದುಕೊಂಡೆವು. ಮಧ್ಯಾಹ್ನದ ಹೊತ್ತಿಗೆ ಅದಿಲ್ಲದಿದ್ದರೆ ಅವರು ಅರ್ಧವನ್ನೂ ನೋಡಲಾಗುತ್ತಿರಲಿಲ್ಲ. ಹಿರಿಯರನ್ನು ಕರೆದೊಯ್ಯುವವರು ಈ ವಿಷಯದಲ್ಲಿ ಸಂಕೋಚಪಡಬಾರದು. ಇಲ್ಲಿ ನಡಿಗೆ ನಾವು ಊಹಿಸುವುದಕ್ಕಿಂತ ಬಹಳ ಹೆಚ್ಚು.

ಒಳಗೆ ಕಾಲಿಟ್ಟ ಕೂಡಲೇ ಎದುರಾಗುವುದು ರಾಕೆಟ್ ತೋಟ. ಅಮೆರಿಕದ ಮೊದಲ ಗಗನಯಾತ್ರಿಗಳನ್ನು ಹೊತ್ತೊಯ್ದ ರೆಡ್‌ಸ್ಟೋನ್, ಅಟ್ಲಾಸ್, ಟೈಟನ್ ಮಾದರಿಯ ರಾಕೆಟ್‌ಗಳು ಇಲ್ಲಿ ಸಾಲಾಗಿ ನಿಂತಿವೆ. ಎಲ್ಲರೂ ತಪ್ಪುವುದು ಇಲ್ಲಿಯೇ: ಕಣ್ಣೆದುರಿಗೆ ಇರುವುದನ್ನೆಲ್ಲ ನೋಡುತ್ತ, ಫೋಟೊ ತೆಗೆಯುತ್ತ ಎರಡು ಗಂಟೆ ಕಳೆದು, ಬಸ್ಸಿನ ಸಾಲಿಗೆ ಬರುವಾಗ ಅದು ಮೈಲುದ್ದ ಬೆಳೆದಿರುತ್ತದೆ. ಟಿಕೆಟ್ಟಿನಲ್ಲಿಯೇ ಸೇರಿರುವ ಈ ಬಸ್ ಸಂಚಾರವೇ ಈ ಜಾಗವನ್ನು ಬೇರೆ ವಸ್ತುಸಂಗ್ರಹಾಲಯಗಳಿಂದ ಬೇರ್ಪಡಿಸುವುದು, ಏಕೆಂದರೆ ಅದು ನಮ್ಮನ್ನು ಇಂದಿಗೂ ರಾಕೆಟ್‌ಗಳು ಹಾರುತ್ತಿರುವ ನೆಲದೊಳಗೆ ಕರೆದೊಯ್ಯುತ್ತದೆ. ಕೊನೆಯ ಬಸ್ಸು ಕೇಂದ್ರ ಮುಚ್ಚುವುದಕ್ಕಿಂತ ಎರಡು, ಎರಡೂವರೆ ಗಂಟೆ ಮೊದಲೇ ಹೊರಟುಬಿಡುತ್ತದೆ ಎಂಬುದು ಅನೇಕರಿಗೆ ತಿಳಿದಿರುವುದಿಲ್ಲ. ಆದ್ದರಿಂದ ತೋಟವನ್ನು ಸಂಜೆಗೆ ಬಿಟ್ಟು, ನೇರವಾಗಿ ಹೋಗಿ ಬಸ್ಸಿನ ಸಾಲಿನಲ್ಲಿ ನಿಲ್ಲಿ. ನಾವು ಮೊದಲ ಬಸ್ಸುಗಳಲ್ಲೊಂದನ್ನು ಹತ್ತಿದೆವು.

ಬಸ್ಸು ಸಾಗುವ ದಾರಿಯ ಇಕ್ಕೆಲಗಳಲ್ಲೂ ಕಾಡು ಮತ್ತು ಜೌಗು. ಉಡಾವಣೆಗೆಂದು ಸ್ವಾಧೀನಪಡಿಸಿಕೊಂಡ ನೆಲದಲ್ಲಿ ಬಳಕೆಗೆ ಬೇಡವಾದ ಬಹುಭಾಗವನ್ನು 1963ರಿಂದ ವನ್ಯಜೀವಿಧಾಮವಾಗಿ ಕಾಪಾಡಲಾಗಿದೆ. ಕಾಲುವೆಯ ದಡದಲ್ಲಿ ಬಿಸಿಲು ಕಾಯುತ್ತಿದ್ದ ಮೊಸಳೆಯೊಂದನ್ನು ಮೊದಲು ಕಂಡದ್ದು ಅಮ್ಮನೇ. ಮುಂದೆ ರಾಕೆಟ್ ಜೋಡಣಾ ಕಟ್ಟಡ ಕಾಣಿಸುತ್ತದೆ. 525 ಅಡಿ ಎತ್ತರದ ಈ ಕಟ್ಟಡದಲ್ಲಿ ರಾಕೆಟ್ಟನ್ನು ನಿಲ್ಲಿಸಿಯೇ ಜೋಡಿಸುತ್ತಾರೆ. ಅದರ ಬಾಗಿಲುಗಳೇ 456 ಅಡಿ ಎತ್ತರದವು. ದೂರದಿಂದ ಅದು ಸಾಧಾರಣವಾದ ದೊಡ್ಡ ಪೆಟ್ಟಿಗೆಯಂತೆ ತೋರುತ್ತದೆ. ಅದರ ಬುಡದಲ್ಲಿ ನಿಂತ ಟ್ರಕ್ಕನ್ನು ಕಂಡಾಗಲೇ ಗಾತ್ರದ ಅರಿವಾಗುವುದು. ಜೋಡಣೆಯಾದ ರಾಕೆಟ್ಟನ್ನು ಉಡಾವಣಾ ಕಟ್ಟೆಗೆ ಒಯ್ಯುವ, ಸುಮಾರು 2,700 ಟನ್ ತೂಕದ ವಾಹನ ಗಂಟೆಗೆ ಒಂದೂವರೆ ಕಿಲೊಮೀಟರ್ ವೇಗದಲ್ಲಿ ತೆವಳುತ್ತದೆ. ಅದಕ್ಕಾಗಿ ಹೊಳೆಗಲ್ಲು ಹಾಸಿದ ಅಗಲವಾದ ದಾರಿ ಬಸ್ಸಿನಿಂದ ಚೆನ್ನಾಗಿ ಕಾಣುತ್ತದೆ.

ದೂರದಲ್ಲಿ ಕಾಣುವ 39ಎ ಕಟ್ಟೆಯನ್ನು ಮಾತ್ರ ಕಣ್ತುಂಬ ನೋಡಿಕೊಳ್ಳಿ. 1969ರ ಜುಲೈ 16ರಂದು ಅಪೊಲೊ 11 ಚಂದ್ರನತ್ತ ಹೊರಟದ್ದು, 1981ರಲ್ಲಿ ಮೊದಲ ಸ್ಪೇಸ್ ಶಟಲ್ (ಮತ್ತೆ ಮತ್ತೆ ಹಾರಿಸಬಹುದಾದ ಬಾಹ್ಯಾಕಾಶ ನೌಕೆ) ಹಾರಿದ್ದು, 2003ರ ಜನವರಿಯಲ್ಲಿ ಕಲ್ಪನಾ ಚಾವ್ಲಾ ತಮ್ಮ ಕೊನೆಯ ಯಾನಕ್ಕೆ ಹೊರಟದ್ದು, 2025ರ ಜೂನ್ 25ರಂದು ನಮ್ಮ ಶುಭಾಂಶು ಶುಕ್ಲಾ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣಕ್ಕೆ ತೆರಳಿದ್ದು, ಎಲ್ಲವೂ ಇದೇ ಕಟ್ಟೆಯಿಂದ. ಶುಕ್ಲಾ ಅವರ ಉಡಾವಣೆಯನ್ನು ದಾವಣಗೆರೆಯ ಮನೆಯಲ್ಲಿ ಟಿವಿಯ ಮುಂದೆ ಕೂತು ನೋಡಿದ್ದ ಅಮ್ಮ, ಕಿಟಕಿಯ ಗಾಜಿಗೆ ಕೈಯೂರಿ "ಇದೇ ಏನಪ್ಪಾ ಆ ಜಾಗ?" ಎಂದು ಎರಡು ಸಲ ಕೇಳಿದರು.

ಬಸ್ಸು ಇಳಿಸುವುದು ಅಪೊಲೊ–ಸ್ಯಾಟರ್ನ್ ಕೇಂದ್ರದಲ್ಲಿ. ಇಲ್ಲಿಗೆ ಕನಿಷ್ಠ ಎರಡು ಗಂಟೆ ಕೊಡಿ. ನನ್ನ ಅಭಿಪ್ರಾಯದಲ್ಲಿ ಇಡೀ ದಿನದ ತಿರುಳು ಇದೇ. ಮೊದಲು ನಮ್ಮನ್ನು ಕೂರಿಸುವ ಸಭಾಂಗಣದಲ್ಲಿ 1968ರ ಡಿಸೆಂಬರಿನಲ್ಲಿ ಅಪೊಲೊ 8ನ್ನು ಹಾರಿಸಿದಾಗ ಎಂಜಿನಿಯರುಗಳು ಕುಳಿತು ಕೆಲಸ ಮಾಡಿದ ಮೂಲ ನಿಯಂತ್ರಣ ಮೇಜುಗಳೇ ಇವೆ. ಅಂದಿನ ಧ್ವನಿಮುದ್ರಣದೊಂದಿಗೆ ಕೊನೆಯ ನಿಮಿಷಗಳು ಮರುಕಳಿಸಿ, ಎಂಜಿನ್ ಹೊತ್ತಿದಾಗ ಹಿಂದಿನ ಕಿಟಕಿಗಳು ಗಡಗಡನೆ ಅದುರುತ್ತವೆ. ಚಿಕ್ಕ ಮಕ್ಕಳಿದ್ದರೆ ಮೊದಲೇ ಹೇಳಿಟ್ಟಿರಿ. ಅಲ್ಲಿಂದ ಬಾಗಿಲು ದಾಟಿದರೆ ನೆತ್ತಿಯ ಮೇಲೆ, ಅಪೊಲೊ ನೌಕೆಗಳನ್ನು ಚಂದ್ರನತ್ತ ಒಯ್ಯಲು ಕಟ್ಟಿದ ಸ್ಯಾಟರ್ನ್ ರಾಕೆಟ್ಟಿನ ಐದು ಎಂಜಿನ್‌ಗಳ ಬಾಯಿ. 363 ಅಡಿ ಉದ್ದದ ರಾಕೆಟ್ಟನ್ನು ಅಡ್ಡಲಾಗಿ ಮಲಗಿಸಿ, ಹಂತ ಹಂತವಾಗಿ ಬಿಡಿಸಿ ತೂಗಿಸಿದ್ದಾರೆ. ಇಂಥವು ಉಳಿದಿರುವುದು ಮೂರೇ. ಇನ್ನೆರಡು ಹ್ಯೂಸ್ಟನ್ ಮತ್ತು ಹಂಟ್ಸ್‌ವಿಲ್‌ನಲ್ಲಿವೆ. ಇದು ಕೂಡ ವರ್ಷಗಟ್ಟಲೆ ಬಯಲಿನಲ್ಲಿ ಸಮುದ್ರದ ಉಪ್ಪುಗಾಳಿಗೆ ಸಿಲುಕಿತ್ತು. 1996ರಲ್ಲಿ ಈ ಕಟ್ಟಡ ಕಟ್ಟಿ ಒಳಗಿಟ್ಟರು.

ಬಹುಪಾಲು ಜನ ಎಂಜಿನ್‌ಗಳ ಕೆಳಗೆ ಫೋಟೊ ತೆಗೆಸಿಕೊಂಡು ಮರಳಿಬಿಡುತ್ತಾರೆ. ನೀವು ಹಾಗೆ ಮಾಡದೆ, ಬುಡದಿಂದ ತುದಿಯವರೆಗೆ ನಿಧಾನವಾಗಿ ನಡೆಯಿರಿ. ಇಷ್ಟು ದೊಡ್ಡ ದೇಹದಲ್ಲಿ ಮೂವರು ಮನುಷ್ಯರು ಕೂರುವ ಜಾಗ ಎಷ್ಟು ಚಿಕ್ಕದು, ಉಳಿದದ್ದೆಲ್ಲ ಇಂಧನದ ತೊಟ್ಟಿಯೇ ಎಂಬುದು ನಡೆದಾಗಲೇ ಅರ್ಥವಾಗುತ್ತದೆ; ನನ್ನ ಮಗ ಹೆಜ್ಜೆ ಎಣಿಸುತ್ತ ನಡೆದು ತಾನಾಗಿಯೇ ಆ ಮಾತು ಹೇಳಿದ. ಚಂದ್ರನವರೆಗೆ ಹೋಗಿಬಂದ ಅಪೊಲೊ 14ರ ಕಮಾಂಡ್ ಮಾಡ್ಯೂಲ್, ಅಂದರೆ ಯಾತ್ರಿಗಳು ಕೂತಿದ್ದ ಕೋಶ, ಇಲ್ಲಿಯೇ ಇದೆ. ಚಂದ್ರಶಿಲೆಯ ಒಂದು ತುಣುಕನ್ನು ಬೆರಳಿನಿಂದ ಮುಟ್ಟಲು ಬಿಡುತ್ತಾರೆ. ಕೋಟ್ಯಂತರ ಬೆರಳುಗಳು ಸವರಿ ನುಣುಪಾಗಿದೆ.

ಹನ್ನೆರಡೂವರೆಗೆ ಮರಳಿ ಬಂದು ಊಟ ಮಾಡಿದೆವು. ಸಸ್ಯಾಹಾರಿಗಳಿಗೆ ಆಯ್ಕೆ ಕಡಿಮೆ: ಪಿಜ್ಜಾ, ಸಲಾಡ್, ಹುರಿದ ಆಲೂಗಡ್ಡೆ. ಬೆಳಿಗ್ಗೆ ಗಟ್ಟಿಯಾಗಿ ತಿಂದು ಹೊರಟರೆ ಊಟದ ಚಿಂತೆ ಇರುವುದಿಲ್ಲ. ನೀರಿನ ಬಾಟಲಿ ಮರೆಯಬೇಡಿ.

ಮಧ್ಯಾಹ್ನವನ್ನು ಅಟ್ಲಾಂಟಿಸ್‌ಗೆ ಮೀಸಲಿಡಿ. 1985ರಿಂದ 2011ರವರೆಗೆ 33 ಬಾರಿ ಬಾಹ್ಯಾಕಾಶಕ್ಕೆ ಹೋಗಿಬಂದ, ಶಟಲ್ ಯುಗದ ಕೊನೆಯ ಯಾನವನ್ನೂ ತಾನೇ ಮಾಡಿದ ಈ ನೌಕೆಯನ್ನು ಹಾರಾಟದಲ್ಲಿರುವಂತೆ, ಸರಕಿನ ಕೋಣೆಯ ಬಾಗಿಲುಗಳನ್ನು ತೆರೆದು, 43.21 ಡಿಗ್ರಿ ಓರೆಯಾಗಿ ನಿಲ್ಲಿಸಿದ್ದಾರೆ; ನಾಲ್ಕು, ಮೂರು, ಎರಡು, ಒಂದು ಎಂಬ ಇಳಿಎಣಿಕೆಯೇ ಆ ಕೋನದಲ್ಲಿದೆ. ನೌಕೆಯನ್ನು ಮೊದಲ ಸಲ ನಮ್ಮ ಕಣ್ಣಿಗೆ ತೋರಿಸುವ ರೀತಿಯನ್ನು ನಾನು ಇಲ್ಲಿ ವಿವರಿಸುವುದಿಲ್ಲ. ಹೋಗುವ ಮೊದಲು ಅದರ ವಿಡಿಯೊ ನೋಡಬೇಡಿ ಎಂದಷ್ಟೇ ಕೇಳಿಕೊಳ್ಳುತ್ತೇನೆ. ಹೊಟ್ಟೆಯ ಭಾಗದ ಶಾಖನಿರೋಧಕ ಟೈಲುಗಳನ್ನು ಹತ್ತಿರದಿಂದ ಗಮನಿಸಿ; ಅವುಗಳ ಮೇಲಿನ ಸುಟ್ಟ ಗೆರೆಗಳು ಹಾಗೆಯೇ ಉಳಿದಿವೆ. ಮಕ್ಕಳಿಗೆ ಇಲ್ಲಿ ಜಾರುಬಂಡಿ, ತೆವಳಿ ಹೋಗುವ ಕೊಳವೆ, ನೌಕೆ ಇಳಿಸುವ ಆಟ ಎಲ್ಲವೂ ಇವೆ. ಉಡಾವಣೆಯ ಕುಲುಕಾಟವನ್ನು ಅನುಭವಕ್ಕೆ ತರುವ ಯಂತ್ರಕ್ಕೆ ಎತ್ತರದ ಮಿತಿ ಇದೆ. ಬೆನ್ನುನೋವು ಇರುವವರು ಹತ್ತದಿರುವುದೇ ಕ್ಷೇಮ.

ಅಟ್ಲಾಂಟಿಸ್‌ನ ಕೆಳಗಿನ ಮಹಡಿಯಲ್ಲಿ, ಸದ್ದುಗದ್ದಲದಿಂದ ದೂರವಾಗಿ, ಚಾಲೆಂಜರ್ ಮತ್ತು ಕೊಲಂಬಿಯಾ ಎಂಬ ಶಟಲ್ ನೌಕೆಗಳ ದುರಂತಗಳಲ್ಲಿ ಮಡಿದ ಹದಿನಾಲ್ವರ ಸ್ಮಾರಕವಿದೆ. ಫಲಕಗಳಲ್ಲಿ ಎದ್ದು ಕಾಣದ ಕಾರಣ ಹಲವರು ಇದನ್ನು ನೋಡದೆಯೇ ಹೊರಬರುತ್ತಾರೆ. ದಯವಿಟ್ಟು ಕೇಳಿಕೊಂಡು ಹೋಗಿ. ಪ್ರತಿಯೊಬ್ಬರಿಗೂ ಒಂದೊಂದು ಗಾಜಿನ ಗೂಡು, ಅದರಲ್ಲಿ ಅವರವರ ಬದುಕನ್ನು ನೆನಪಿಸುವ ವಸ್ತುಗಳು. ಮುಂದೆ ಚಾಲೆಂಜರ್‌ನ ಪಾರ್ಶ್ವದ ಒಂದು ಹಲಗೆ, ಕೊಲಂಬಿಯಾದ ಕಿಟಕಿಯ ಚೌಕಟ್ಟುಗಳು. ಕಲ್ಪನಾ ಅವರ ಗೂಡಿನ ಮುಂದೆ ಅಮ್ಮ ಗಾಲಿಕುರ್ಚಿಯಿಂದ ಎದ್ದು ನಿಂತರು. ಇಸ್ರೊ ತನ್ನ ಹವಾಮಾನ ಉಪಗ್ರಹಕ್ಕೆ ಕಲ್ಪನಾ-1 ಎಂದು ಹೆಸರಿಟ್ಟದ್ದನ್ನು, ನಮ್ಮ ರಾಜ್ಯ ಸರ್ಕಾರ ಯುವ ವಿಜ್ಞಾನಿ ಮಹಿಳೆಯರಿಗೆಂದು ಅವರ ಹೆಸರಿನಲ್ಲಿ ಪ್ರಶಸ್ತಿ ಸ್ಥಾಪಿಸಿದ್ದನ್ನು ಮಗನಿಗೆ ಹೇಳಿದೆ. ಎಂಟು ವರ್ಷದ ಮಗುವಿಗೆ ಸಾವಿನ ವಿಷಯವನ್ನು ಇಲ್ಲಿ ತೋರಿಸಬೇಕೇ ಎಂಬ ಅಳುಕು ನನಗಿತ್ತು. ಆದರೆ ಎಲ್ಲವನ್ನೂ ಅಷ್ಟು ಗೌರವದಿಂದ ಜೋಡಿಸಿದ್ದಾರೆ, ಅವನು ಪ್ರಶ್ನೆ ಕೇಳಿದ, ಭಯಪಡಲಿಲ್ಲ.

ಉಳಿದದ್ದನ್ನು ಸಮಯ ನೋಡಿಕೊಂಡು ಆರಿಸಿಕೊಳ್ಳಬಹುದು. 2022ರಲ್ಲಿ ತೆರೆದ ಗೇಟ್‌ವೇ ಕಟ್ಟಡದಲ್ಲಿ, ಹಾರಿ ಮರಳಿ ನೆಲಕ್ಕಿಳಿದ ಫಾಲ್ಕನ್ ಹೆವಿ ಎಂಬ ರಾಕೆಟ್ಟಿನ ಒಂದು ಬೂಸ್ಟರ್ ಇದೆ. ಬೆಳಿಗ್ಗೆ ಸ್ಯಾಟರ್ನ್ ನೋಡಿದವರಿಗೆ ಅದನ್ನು ಹೋಲಿಸಿ ನೋಡುವುದು ಸಂತೋಷದ ಸಂಗತಿ. ದೊಡ್ಡ ಪರದೆಯ ಸಿನಿಮಾವನ್ನು ನಾವು ಬಿಟ್ಟೆವು, ಒಂದೇ ದಿನ ಬಂದವರು ಬಿಡುವುದೇ ಸರಿ. ನಿವೃತ್ತ ಗಗನಯಾತ್ರಿಯೊಬ್ಬರು ಸಂದರ್ಶಕರೊಡನೆ ಮಾತನಾಡುವ ಕಾರ್ಯಕ್ರಮವನ್ನು ಮಾತ್ರ ಸಾಧ್ಯವಾದರೆ ತಪ್ಪಿಸಿಕೊಳ್ಳಬೇಡಿ. ವೇಳಾಪಟ್ಟಿ ಬಾಗಿಲಲ್ಲೇ ಸಿಗುತ್ತದೆ.

ನಾಲ್ಕೂವರೆಗೆ ಮತ್ತೆ ರಾಕೆಟ್ ತೋಟಕ್ಕೆ ಬಂದಾಗ ಜನ ಕರಗಿದ್ದರು, ಬಿಸಿಲು ಇಳಿದಿತ್ತು, ಬೆಳಿಗ್ಗೆ ಸಿಗದ ಫೋಟೊಗಳು ಆರಾಮವಾಗಿ ಸಿಕ್ಕವು. ಅಲ್ಲಿಂದ ಸ್ವಲ್ಪ ದೂರದಲ್ಲಿರುವ ಕಪ್ಪು ಗ್ರಾನೈಟಿನ ಎತ್ತರದ ಗೋಡೆಯಲ್ಲಿ ಪ್ರಾಣ ತೆತ್ತ ಗಗನಯಾತ್ರಿಗಳ ಹೆಸರುಗಳನ್ನು ಕಲ್ಲಿನ ಆರಪಾರಾಗಿ ಕೊರೆದಿದ್ದಾರೆ. ನುಣುಪು ಕಲ್ಲಿನಲ್ಲಿ ಆಕಾಶ ಪ್ರತಿಫಲಿಸುವಾಗ ಅಕ್ಷರಗಳು ಮೋಡಗಳ ನಡುವೆ ನಿಂತಂತೆ ಕಾಣುತ್ತವೆ. ಮುಚ್ಚುವ ಹೊತ್ತಿನವರೆಗೂ ಅಲ್ಲಿ ಕುಳಿತಿದ್ದೆವು. ಒರ್ಲಾಂಡೊಗೆ ಮರಳುವ ಹಾದಿಯಲ್ಲಿ ಸಂಜೆ ಐದರ ಮೇಲೆ ವಾಹನಗಳ ದಟ್ಟಣೆ ಹೆಚ್ಚು. ಬರುವಾಗ ಒಂದು ಗಂಟೆ ಹಿಡಿದ ದಾರಿಗೆ ಮರಳುವಾಗ ಒಂದೂಮುಕ್ಕಾಲು ಗಂಟೆ ಹಿಡಿಯಿತು. ರಾತ್ರಿಯ ವಿಮಾನವಿರುವವರು ಇದನ್ನು ನೆನಪಿನಲ್ಲಿಟ್ಟುಕೊಂಡು ನಾಲ್ಕು ಗಂಟೆಗೇ ಹೊರಡಬೇಕು.